ಅಂಗೈಯೊಳಗಿನ ಕಾಲ

ಕತೆಗಳಲ್ಲಿ ಒಂದು ವಿಚಿತ್ರ ಯಂತ್ರವು ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತದೆ. ಅದು ಅಂಗೈಯಲ್ಲಿ ಅಡಗುವಷ್ಟು ಚಿಕ್ಕದು. ಅದರ ಗುಂಡಿಯನ್ನು ಒತ್ತಿದರೆ ಓಡುವ ಕುದುರೆ ನಿಂತಲ್ಲಿಯೇ ನಿಲ್ಲುತ್ತದೆ. ಒಡೆದ ಗಡಿಗೆ ಮರಳಿ ಕೂಡಿಕೊಳ್ಳುತ್ತದೆ. 1895ರಲ್ಲಿ ಎಚ್. ಜಿ. ವೆಲ್ಸ್ ಎಂಬ ಆಂಗ್ಲ ಲೇಖಕನು ಕಲ್ಪಿಸಿದ ಕಾಲಯಂತ್ರವು ಮನುಷ್ಯನು ಏರಿ ಕುಳಿತುಕೊಳ್ಳುವಷ್ಟು ದೊಡ್ಡದಾಗಿತ್ತು. ಬಳಿಕ ಬಂದ ಕತೆಗಾರರು ಅದನ್ನು ಕುಗ್ಗಿಸಿ ಜೇಬಿಗೆ ಇಳಿಸಿದರು. ಪರೀಕ್ಷೆಯ ಹಿಂದಿನ ರಾತ್ರಿ ಅಂತಹದೊಂದು ತನ್ನ ಕೈಯಲ್ಲಿದ್ದಿದ್ದರೆ ಎಂದು ಬಯಸದ ವಿದ್ಯಾರ್ಥಿ ವಿರಳ.

ಕತೆಯ ಯಂತ್ರ ಎಲ್ಲಿಯೂ ಇಲ್ಲ. ಅದರ ದೂರದ ಬಂಧುವೊಂದು ಮಾತ್ರ ಅನೇಕರ ಮನೆಗಳಲ್ಲಿತ್ತು. ಅದು ಕೀಲಿ ಕೊಡುವ ಕೈಗಡಿಯಾರ. 1961ರಲ್ಲಿ ಜಪಾನಿನ ಸಿಟಿಜನ್ ಸಂಸ್ಥೆಯ ನೆರವಿನಿಂದ ಬೆಂಗಳೂರಿನಲ್ಲಿ ಎಚ್.ಎಂ.ಟಿ. ಕೈಗಡಿಯಾರಗಳ ತಯಾರಿಕೆ ಪ್ರಾರಂಭವಾಯಿತು. ಮುಂದೆ ತುಮಕೂರಿನಲ್ಲಿಯೂ ಕಾರ್ಖಾನೆ ನಡೆದು, 2016ರಲ್ಲಿ ಮುಚ್ಚಿತು. ಈ ಗಡಿಯಾರದೊಳಗೆ ಸುರುಳಿಯ ಶಕ್ತಿಯಿಂದ ತೂಗುಚಕ್ರವೊಂದು ಸೆಕೆಂಡಿಗೆ ಐದು ಬಾರಿ ಮಿಡಿಯುತ್ತದೆ. ಪಕ್ಕದ ಪುಟ್ಟ ತಿರುಪನ್ನು ಹೊರಗೆಳೆದು ತಿರುಗಿಸಿದರೆ ಮುಳ್ಳುಗಳು ಒಂದು ಗಂಟೆ ಹಿಂದಕ್ಕೂ ಸರಿಯಬಲ್ಲವು, ಮುಂದಕ್ಕೂ ಸರಿಯಬಲ್ಲವು. ಕಾಲ ಸರಿಯುವುದಿಲ್ಲ, ಕಾಲಕ್ಕೆ ನಾವಿಟ್ಟ ಹೆಸರು ಸರಿಯುತ್ತದೆ.

ಹೆಸರು ಸರಿದರೆ ಏನಾದೀತು ಎಂದು ಕೇಳಬಹುದು. ಇದಕ್ಕೆ ಉತ್ತರವನ್ನು ರಾಯಚೂರು ತಾಲ್ಲೂಕಿನ ಮಟಮಾರಿಯಲ್ಲಿ ನಿಂತು ನೋಡೋಣ. ರಾಯಚೂರಿನಿಂದ ಗುಂತಕಲ್ಲಿಗೆ ಹೋಗುವ ರೈಲುಮಾರ್ಗ ಈ ಊರಿನ ಮೂಲಕ ಹಾಯುತ್ತದೆ. ಮುಂಬಯಿಯಿಂದ ಬಂದ ಹಳಿಗಳೂ ಮದ್ರಾಸಿನಿಂದ ಬಂದ ಹಳಿಗಳೂ 1871ರಲ್ಲಿ ರಾಯಚೂರಿನಲ್ಲಿ ಕೂಡಿದವು. ಆ ಕಾಲದಲ್ಲಿ ಪ್ರತಿಯೊಂದು ಊರಿಗೂ ತನ್ನದೇ ಆದ ಮಧ್ಯಾಹ್ನವಿತ್ತು. ಸೂರ್ಯನು ಎಲ್ಲಿ ನೆತ್ತಿಗೆ ಬಂದನೋ ಅಲ್ಲಿ ಹನ್ನೆರಡು ಗಂಟೆ. ಗಳಿಗೆ ಬಟ್ಟಲನ್ನು ನೀರಿನಲ್ಲಿ ತೇಲಿಬಿಟ್ಟು, ಅದು ಮುಳುಗಿದಾಗ 24 ನಿಮಿಷಗಳ ಒಂದು ಗಳಿಗೆಯನ್ನು ಎಣಿಸುತ್ತಿದ್ದವರಿಗೆ ದೂರದ ಪಟ್ಟಣದ ಹೊತ್ತಿನಿಂದ ಆಗಬೇಕಾದುದೇನೂ ಇರಲಿಲ್ಲ. ರೈಲಿಗೆ ಹಾಗಲ್ಲ. ಒಂದೇ ಹಳಿಯ ಮೇಲೆ ಎದುರುಬದುರಾಗಿ ಬರುವ ಎರಡು ಗಾಡಿಗಳ ಗಡಿಯಾರಗಳು ಬೇರೆ ಬೇರೆ ಹೊತ್ತು ತೋರಿದರೆ ಪ್ರಾಣಕ್ಕೇ ಸಂಚಕಾರ. ಮುಂಬಯಿಯ ಹೊತ್ತು ಮದ್ರಾಸಿನ ಹೊತ್ತಿಗಿಂತ ಸುಮಾರು 30 ನಿಮಿಷ ಹಿಂದಿತ್ತು. ಆದುದರಿಂದ 1870ರ ಸುಮಾರಿಗೆ ರೈಲ್ವೆಯವರು ಮದ್ರಾಸಿನ ಹೊತ್ತನ್ನೇ ಎಲ್ಲೆಡೆಗೂ ಅನ್ವಯಿಸಿದರು.

1906ರ ಜನವರಿ 1ರಿಂದ ಪೂರ್ವ ರೇಖಾಂಶ 82½ ಡಿಗ್ರಿಗೆ ಅನುಗುಣವಾದ ಭಾರತೀಯ ಪ್ರಮಾಣ ಕಾಲವು ಜಾರಿಗೆ ಬಂದಿತು. ಮುಂಬಯಿ ನಗರ ಇದನ್ನು ಸುಲಭವಾಗಿ ಒಪ್ಪಲಿಲ್ಲ. ಅಲ್ಲಿ ಹಳೆಯ ಹೊತ್ತು 1955ರವರೆಗೂ ಉಳಿದುಕೊಂಡಿತು. ತಮ್ಮ ಮಧ್ಯಾಹ್ನವನ್ನು ಬೇರೆಯವರು ಗೊತ್ತುಮಾಡುವುದನ್ನು ಜನ ವಿರೋಧಿಸಿದ್ದರಲ್ಲಿ ಆಶ್ಚರ್ಯವೇನೂ ಇಲ್ಲ. ಎರಡನೆಯ ಮಹಾಯುದ್ಧದಲ್ಲಿ, 1942ರಿಂದ 1945ರವರೆಗೆ, ಸರ್ಕಾರವು ದೇಶದ ಗಡಿಯಾರಗಳನ್ನೆಲ್ಲ ಒಂದು ಗಂಟೆ ಮುಂದಕ್ಕೆ ತಿರುಗಿಸಿತು. ಕೋಳಿಗಳು ಮಾತ್ರ ಹಳೆಯ ಹೊತ್ತಿಗೇ ಕೂಗಿರಬೇಕು!

ಮಟಮಾರಿ ಇರುವುದು ಸುಮಾರು 77⅓ ಡಿಗ್ರಿ ರೇಖಾಂಶದ ಬಳಿ. ಒಂದು ಡಿಗ್ರಿಗೆ 4 ನಿಮಿಷದಂತೆ ಲೆಕ್ಕಹಾಕಿದರೆ, ಅಲ್ಲಿ ಸೂರ್ಯನು ಗಡಿಯಾರದ ಹನ್ನೆರಡಕ್ಕಿಂತ ಸರಾಸರಿ ಸುಮಾರು 21 ನಿಮಿಷ ತಡವಾಗಿ ನೆತ್ತಿಗೆ ಬರುತ್ತಾನೆ. ಶಾಲೆಯ ಅಂಗಳದಲ್ಲಿ ಒಂದು ಕೋಲನ್ನು ನೆಟ್ಟಗೆ ನೆಟ್ಟು, ಅದರ ನೆರಳು ಅತ್ಯಂತ ಕಿರಿದಾಗುವ ಕ್ಷಣವನ್ನು ಗುರುತಿಸಿ ನೋಡಿರಿ. ಭೂಮಿಯ ಅಕ್ಷದ ಓಲುವಿಕೆಯಿಂದಲೂ ಅದರ ಕಕ್ಷೆಯು ಪೂರ್ಣ ವೃತ್ತವಲ್ಲದಿರುವುದರಿಂದಲೂ ಆ ಕ್ಷಣವು ವರ್ಷವಿಡೀ ಒಂದೇ ಆಗಿರದು. ನವೆಂಬರ್ ಆದಿಯಲ್ಲಿ ಅದು 12 ಗಂಟೆ 5 ನಿಮಿಷದ ಆಸುಪಾಸಿನಲ್ಲಿ, ಫೆಬ್ರವರಿ ನಡುವಿನಲ್ಲಿ 12 ಗಂಟೆ 35 ನಿಮಿಷದ ಆಸುಪಾಸಿನಲ್ಲಿ ಬರುತ್ತದೆ.

ಹಾಗಾದರೆ ಕಾಲವೇ ಎಂದೂ ಬಾಗದೇ? ವಿಜ್ಞಾನಿ ಐನ್‌ಸ್ಟೈನ್ ಅದು ಬಾಗುವುದೆಂದು ತೋರಿಸಿದನು. ವೇಗವಾಗಿ ಚಲಿಸುವ ಗಡಿಯಾರ ನಿಧಾನವಾಗುತ್ತದೆ. ನೆಲದಿಂದ ಎತ್ತರಕ್ಕೆ ಏರಿದ ಗಡಿಯಾರ ಚುರುಕಾಗುತ್ತದೆ. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಎಂಬಿಬ್ಬರು ಅಮೆರಿಕನ್ನರು ಪರಮಾಣು ಗಡಿಯಾರಗಳನ್ನು ಪ್ರಯಾಣಿಕರ ವಿಮಾನಗಳಲ್ಲಿ ಇರಿಸಿಕೊಂಡು ಭೂಮಿಯನ್ನು ಸುತ್ತಿದರು. ಪೂರ್ವಕ್ಕೆ ಹೋದ ಗಡಿಯಾರಗಳು ಸೆಕೆಂಡಿನ ಶತಕೋಟಿ ಭಾಗಗಳಲ್ಲಿ ಸುಮಾರು 59ರಷ್ಟು ಹಿಂದೆ ಬಿದ್ದವು. ಪಶ್ಚಿಮಕ್ಕೆ ಹೋದವು 273ರಷ್ಟು ಮುಂದಾದವು. ಇಲ್ಲಿ ಯಾರೂ ತಿರುಪನ್ನು ತಿರುಗಿಸಿರಲಿಲ್ಲ.

ಈ ಅತ್ಯಲ್ಪ ವ್ಯತ್ಯಾಸವು ಇಂದು ಮಟಮಾರಿಯ ಹೊಲದ ಬದುವಿನ ಮೇಲೆ ನಿಂತವನ ಕೈಗೂ ತಲುಪಿದೆ. ಆತನ ಮೊಬೈಲು ತಾನಿರುವ ಸ್ಥಳವನ್ನು ಉಪಗ್ರಹಗಳ ಗಡಿಯಾರಗಳಿಂದ ಅರಿಯುತ್ತದೆ. ಜಿ.ಪಿ.ಎಸ್. ಉಪಗ್ರಹಗಳಲ್ಲಿನ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನವೊಂದಕ್ಕೆ ಸೆಕೆಂಡಿನ ಹತ್ತು ಲಕ್ಷದ 38 ಭಾಗದಷ್ಟು ಮುಂದೆ ಓಡುತ್ತವೆ. ಅದನ್ನು ಲೆಕ್ಕಕ್ಕೆ ಹಿಡಿದು ಸರಿಪಡಿಸದೆ ಹೋದರೆ, ಒಂದೇ ದಿನದಲ್ಲಿ ಸುಮಾರು 10 ಕಿಲೋಮೀಟರುಗಳಷ್ಟು ತಪ್ಪು ಕೂಡಿಬಂದು, ಮೊಬೈಲು ಆತನನ್ನು ಬೇರಾವುದೋ ಊರಿನ ಹೊಲದಲ್ಲಿ ನಿಲ್ಲಿಸುತ್ತಿತ್ತು.