ಸೂರ್ಯಚಂದ್ರರ ಜಾಮೀನು

ಕೆಆರ್‌ಎಸ್‌ಗೆ ಹೋಗುವವರಿಗೆ ಕಾರಂಜಿ ಮುಖ್ಯ. ಕಾರಂಜಿ ಹಚ್ಚುವ ಹೊತ್ತಿನವರೆಗೆ ಮೀನು ಫ್ರೈ ಮುಖ್ಯ. ಅಣೆಕಟ್ಟೆಯ ಬಾಗಿಲ ಬಳಿ ಇರುವ ಫಾರ್ಸಿ ಕಲ್ಲಿನ ಮುಂದೆ ನಿಲ್ಲುವವರು ಕಡಿಮೆ. ನಿಂತವರೂ ಬೇಗ ಜಗಳಕ್ಕೆ ಬೀಳುತ್ತಾರೆ: ಕನ್ನಂಬಾಡಿಗೆ ಮೊದಲು ಅಡಿಗಲ್ಲು ಇಟ್ಟವರು ಟಿಪ್ಪುವೋ, ನಾಲ್ವಡಿಯವರೋ? ನನಗೆ ಈ ಜಗಳದಲ್ಲಿ ರುಚಿ ಇಲ್ಲ. ಇವತ್ತಿನ ಕಟ್ಟೆ ಎದ್ದದ್ದು 1911ರಿಂದ ಈಚೆಗೆ, ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ, ವಿಶ್ವೇಶ್ವರಯ್ಯನವರ ಯೋಜನೆಯಂತೆ. ಆ ಕೆಲಸ ನಡೆಯುವಾಗ ಸಿಕ್ಕ ಕಲ್ಲು ಇದು. ನೂರು ವರ್ಷಕ್ಕೂ ಹಿಂದೆ ಟಿಪ್ಪು ಇದೇ ಕಾವೇರಿಗೆ ‘ಮೊಹ್ಯಿ’ ಎಂಬ ಒಡ್ಡು ಹಾಕಲು ಹೊರಟಿದ್ದ ಎಂಬುದಕ್ಕೆ ಸಾಕ್ಷಿ. ಎರಡೂ ನಿಜ. ಎರಡೂ ನಿಜವೆಂದರೆ ಟಿವಿ ಚರ್ಚೆಗೆ ವಿಷಯವಿರುವುದಿಲ್ಲ, ಅಷ್ಟೆ.

ನಾನು ಹೋದದ್ದು ಆ ಬರಹದ ಕೊನೆಯ ಭಾಗಕ್ಕಾಗಿ. ಫಾರ್ಸಿ ನನಗೆ ಬಾರದು, ಅನುವಾದವನ್ನು ಚೀಟಿಯಲ್ಲಿ ಬರೆದುಕೊಂಡು ಹೋಗಿದ್ದೆ. ಮೌಲೂದಿ 1221, ಅಂದರೆ ಕ್ರಿ.ಶ. 1794ರ ಸುಮಾರು. ಸೋಮವಾರ, ಇನ್ನೂ ಸೂರ್ಯ ಹುಟ್ಟಿರಲಿಲ್ಲ. ಗ್ರಹಗತಿ ನೋಡಿಯೇ ಅಡಿಗಲ್ಲು ಹಾಕಿಸಿದ್ದಾನೆ ಸುಲ್ತಾನ. ಆಮೇಲೆ ರೈತರಿಗೆ ಮಾತು ಕೊಡುತ್ತಾನೆ: ಈ ನೀರನ್ನು ನಂಬಿ ಬೀಳು ನೆಲವನ್ನು ಹೊಸದಾಗಿ ಸಾಗು ಮಾಡಿದವನಿಗೆ ಕಂದಾಯದಲ್ಲಿ ಕಾಲು ಭಾಗ ಮಾಫಿ, ಮುಕ್ಕಾಲು ಕಟ್ಟಿದರೆ ಸಾಕು. ಆ ನೆಲಕ್ಕೆ ಅವನೇ ಒಡೆಯ, ಅವನ ಮಕ್ಕಳು ಮರಿಮಕ್ಕಳೂ ಒಡೆಯರು. ಎಲ್ಲಿಯವರೆಗೆ? ಭೂಮಿ ಆಕಾಶಗಳು ಇರುವವರೆಗೆ. ಒಡ್ಡು ಎಷ್ಟು ಕಾಲ ನಿಲ್ಲಬೇಕು? ನಕ್ಷತ್ರಗಳ ಹಾಗೆ, ಕಯಾಮತ್ತಿನ ದಿನದವರೆಗೆ. ಇದಕ್ಕೆ ಅಡ್ಡ ಬಂದವನು ಸೈತಾನನಿಗೆ ಸಮ, ಮನುಷ್ಯಕುಲಕ್ಕೇ ಶತ್ರು.

ಕಲ್ಲಿನ ಮುಂದೆ ನಿಂತು ಇದನ್ನು ಓದುತ್ತಿದ್ದಾಗ ನನಗೆ ನಗು ಬಂತು. ಲಿಪಿ ಫಾರ್ಸಿ, ಶಕೆ ಮೌಲೂದಿ, ದೇವರು ಅಲ್ಲಾಹು. ಆದರೆ ಮೈಕಟ್ಟು ಪಕ್ಕಾ ಹೊಯ್ಸಳ ಸೀಮೆಯ ದಾನಶಾಸನದ್ದು! ಮೊದಲು ದಾನ, ಆಮೇಲೆ ಮಕ್ಕಳು ಮರಿಮಕ್ಕಳು, ಆಮೇಲೆ ಆಕಾಶದ ಸಾಕ್ಷಿ, ಕೊನೆಗೆ ಶಾಪ. ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲದ ಗುಡಿಗಳ ಮುಂದೆ ನಿಂತಿರುವ ಕಲ್ಲುಗಳಲ್ಲಿ ಇದೇ ಸರದಿಯನ್ನು ಎಷ್ಟೋ ಸಲ ಓದಿದ್ದೇನೆ. ಅಲ್ಲಿ ಈ ಜಾಗದಲ್ಲಿ ಒಂದು ಪದ ಕೂತಿರುತ್ತದೆ: ಆಚಂದ್ರಾರ್ಕ.

ಕನ್ನಡ ಪಾಠದಲ್ಲಿ ಕ್ರಿಯಾವಿಶೇಷಣಕ್ಕೆ ‘ಮೆಲ್ಲಗೆ’, ‘ಬೇಗನೆ’ ಎಂದು ಉದಾಹರಣೆ ಕೊಟ್ಟು ಮುಗಿಸಿಬಿಡುತ್ತೇವೆ. ಈ ಪುಣ್ಯಾತ್ಮನೂ ಅದೇ ಜಾತಿಯವನು. ಅರ್ಕ ಎಂದರೆ ಸೂರ್ಯ. ಮುಂದಿನ ‘ಆ’ಕ್ಕೆ ವರೆಗೆ ಎಂಬ ಅರ್ಥ. ಆಜೀವ, ಆಮರಣ ಇವನ ದಾಯಾದಿಗಳು. ಅವರಲ್ಲಿ ಆಮರಣ ಮಾತ್ರ ರಾಜಕೀಯಕ್ಕೆ ಇಳಿದು ಚೆನ್ನಾಗಿ ಬದುಕಿಕೊಂಡ; ಕಾವೇರಿ ಗಲಾಟೆ ಎದ್ದಾಗ ಮಂಡ್ಯದ ಪೆಂಡಾಲುಗಳಲ್ಲಿ ಅವನದೇ ಬ್ಯಾನರು, ಎರಡು ಮೂರು ದಿನಕ್ಕೆ ಎಳನೀರು ಕುಡಿದು ಏಳುತ್ತಾನೆ.

ಹಳಗನ್ನಡದ ಕಲ್ಲುಗಳಲ್ಲಿ ಇದು ‘ಆಚಂದ್ರಾರ್ಕತಾರಂಬರಂ’ ಎಂದು ಉದ್ದವಾಗುತ್ತದೆ. ಸಂಸ್ಕೃತದ ‘ಆ’ ಮುಂದೆ ನಿಂತು ವರೆಗೆ ಎಂದರೆ, ಕನ್ನಡದ ‘ಬರಂ’ ಹಿಂದೆ ನಿಂತು ಅದನ್ನೇ ಹೇಳುತ್ತದೆ. ಒಂದೇ ಪದಕ್ಕೆ ಎರಡು ಬೀಗ. ಶಾಸನ ಬರೆಸಿದವನಿಗೆ ಸಂಸ್ಕೃತದ ಬೀಗದ ಮೇಲೆ ಪೂರ್ತಿ ನಂಬಿಕೆ ಇರಲಿಲ್ಲವೇನೋ! ವಿಜಯನಗರದ ಕಾಲಕ್ಕೆ, ಆಮೇಲೆ ಒಡೆಯರ ಕಾಲಕ್ಕೆ ಅದು ‘ಆಚಂದ್ರಾರ್ಕಸ್ಥಾಯಿಯಾಗಿ’ ಎಂದಾಯಿತು. ತಮಿಳು ಶಾಸನಗಳಲ್ಲಿ ‘ಚಂದ್ರಾದಿತ್ತವರೈ’. ಕನ್ನಡ ನಾಡಿನ ನಡುವೆ ತಮಿಳು ಶಾಸನ ನೋಡಬೇಕೆಂದರೆ ತೊಣ್ಣೂರಿಗೆ ಹೋಗಬೇಕು.

ಪದ ಕಣ್ಣಿಗೆ ಬೀಳುವುದು ಸುಲಭವಲ್ಲ. ಕಲ್ಲಿನ ನೆತ್ತಿಯಲ್ಲಿ ಸೂರ್ಯ, ಚಂದ್ರ, ಹಸು ಕರು ಎಲ್ಲ ಕಾಣುತ್ತವೆ. ಆಮೇಲೆ ರಾಜನ ಬಿರುದಾವಳಿ. ಅದು ಮುಗಿಯುವ ಹೊತ್ತಿಗೆ ಅರ್ಧ ಕಲ್ಲು ಖರ್ಚು. ಗದ್ದೆ, ಬೆದ್ದಲು, ಎಲ್ಲೆಕಟ್ಟು ದಾಟಿ ನಮ್ಮ ಪದ ಬರುವುದು ತೀರಾ ಕೆಳಗೆ, ಶಾಪಕ್ಕೆ ಸ್ವಲ್ಪ ಮೇಲೆ. ಆ ಭಾಗ ಸಾಮಾನ್ಯವಾಗಿ ಮಣ್ಣಿನಲ್ಲಿ ಹೂತಿರುತ್ತದೆ. ನಾಗಮಂಗಲದ ಕಡೆಯ ಒಂದು ಹಳ್ಳಿಯಲ್ಲಿ ನಾನು ಕಲ್ಲಿಗೆ ನೀರು ಹೊಡೆದು, ತೆಂಗಿನ ನಾರಿನಿಂದ ಉಜ್ಜಿ, ರಾಗಿಹಿಟ್ಟು ಸವರಿ ಕೂತಿದ್ದಾಗ ಅಜ್ಜಿಯೊಬ್ಬರು ಬಂದು ನಿಂತರು.

‘ನಿಧಿ ಐತಾ ಸೋಮಿ ಅದ್ರಡೀಲಿ?’

‘ಇಲ್ಲ ಅಜ್ಜಿ, ದೇವರಿಗೆ ಗದ್ದೆ ಬಿಟ್ಟಿದ್ದು ಬರ್ದವ್ರೆ.’

‘ಎಷ್ಟು ದಿನಕ್ಕಂತೆ?’

ಇಷ್ಟು ಚೂಟಿಯಾದ ಪ್ರಶ್ನೆಯನ್ನು ಯಾವ ವಿಚಾರಸಂಕಿರಣದಲ್ಲೂ ಕೇಳಿಲ್ಲ. ಸೂರ್ಯ ಚಂದ್ರ ತೋರಿಸಿದೆ. ‘ಓ, ಸೂರ್ಯಚಂದ್ರಮ ಇರೋಗಂಟ’ ಎಂದು ಅಜ್ಜಿ ತಾವೇ ಓದಿ ಹೇಳಿಬಿಟ್ಟರು. ‘ಗಂಟ’ ಎಂದರೆ ನಮ್ಮ ಸೀಮೆಯ ‘ಬರಂ’. ಗದ್ದೆ ಈಗ ಯಾರ ಹೆಸರಿನಲ್ಲಿದೆ ಎಂದು ಅವರೂ ಹೇಳಲಿಲ್ಲ, ನಾನೂ ಕೇಳಲಿಲ್ಲ.

ಈ ಸೀಮೆಯಲ್ಲಿ ಸೂರ್ಯಚಂದ್ರರ ಲೆಕ್ಕ ತಪ್ಪಿದ್ದೇ ಹೆಚ್ಚು. ನಾಗಮಂಗಲವನ್ನು ಅಗ್ರಹಾರ ಮಾಡಿ ‘ವೀರಬಲ್ಲಾಳ ಚತುರ್ವೇದಿ ಭಟ್ಟರತ್ನಾಕರ’ ಎಂದು ಕರೆದರು. ಸಂತೆಗೆ ಹೋಗುವವರ ಬಾಯಲ್ಲಿ ನಾಗಮಂಗಲವೇ ಉಳಿಯಿತು. ತೊಣ್ಣೂರು ಯಾದವಪುರವಾಗಿ ಮತ್ತೆ ತೊಣ್ಣೂರಾಯಿತು. ಹಿರೋಡೆ ಫ್ರೆಂಚ್ ರಾಕ್ಸ್ ಆಗಿ ಪಾಂಡವಪುರವಾಯಿತು, ಅತ್ತಿಗುಪ್ಪೆ ಕೃಷ್ಣರಾಜಪೇಟೆಯಾಯಿತು.

ಆಕಾಶದ ಉಸಾಬರಿಗೇ ಹೋಗದ ಒಂದು ಮಾತೂ ಇಲ್ಲಿದೆ. ಕೆ.ಆರ್. ಪೇಟೆ ತಾಲ್ಲೂಕಿನ ಅಗ್ರಹಾರ ಬಾಚಹಳ್ಳಿಯಲ್ಲಿ ಗರುಡರ ಕಂಬಗಳಿವೆ, ಮೇಲೆ ಆನೆ. ಹೊಯ್ಸಳ ಅರಸರಿಗೆ ಲೆಂಕರಾಗಿ ಮಾತು ಕೊಟ್ಟು, ಒಡೆಯ ಸತ್ತಾಗ ತಾವೂ ಪ್ರಾಣ ಬಿಟ್ಟ ಒಂದೇ ಮನೆತನದವರ ನೆನಪು ಅವು, ತಲೆಮಾರಿನ ಮೇಲೆ ತಲೆಮಾರು. ಅವರ ಮಾತಿನ ಅವಧಿ ಒಡೆಯನ ಉಸಿರಿರುವಷ್ಟು. ಅದು ತಪ್ಪಲಿಲ್ಲ. ಆ ಕಂಬಗಳ ಕೆಳಗೆ ನಿಂತಾಗ ನನಗೆ ಹೆಮ್ಮೆಗಿಂತ ಭಯವೇ ಹೆಚ್ಚಾಯಿತು.

ಈಗ ಶ್ರೀರಂಗಪಟ್ಟಣಕ್ಕೆ ಬರೋಣ. ಈ ಪದ ಕೋರ್ಟು ಕಚೇರಿ ಹತ್ತಿ ಇಂಗ್ಲಿಷ್ ಕಲಿತದ್ದು ಇಲ್ಲಿನ ಸಾವಿನ ಸೂತಕದಲ್ಲಿ. 1799ರ ಮೇ 4ರಂದು ಕೋಟೆ ಬಿತ್ತು, ಟಿಪ್ಪು ಸತ್ತ. ಜುಲೈ 8ಕ್ಕೆ ಈಸ್ಟ್ ಇಂಡಿಯಾ ಕಂಪನಿಗೂ ಇನ್ನೂ ಐದು ತುಂಬದ ಮುಮ್ಮಡಿ ಕೃಷ್ಣರಾಜ ಒಡೆಯರಿಗೂ ಒಪ್ಪಂದವಾಯಿತು. ವರ್ಷಕ್ಕೆ 7 ಲಕ್ಷ ಸ್ಟಾರ್ ಪಗೋಡ ಪೊಗದಿ. ಒಪ್ಪಂದದ ನೆತ್ತಿಯ ಮೇಲೆಯೇ ಬರೆದರು: ಸೂರ್ಯಚಂದ್ರರು ಇರುವತನಕ ಉಭಯ ಪಕ್ಷದವರೂ ಇದಕ್ಕೆ ಬದ್ಧರು. ಲಂಡನ್ನಿನಲ್ಲಿ ಷೇರು ಲೆಕ್ಕ ಹಾಕುವ ವ್ಯಾಪಾರಿ ಕಂಪನಿ ಆಚಂದ್ರಾರ್ಕ ಎಂದಿತು!

ಆದರೆ ಅದೇ ಕಾಗದದ ನಾಲ್ಕು, ಐದನೆಯ ಕಲಮುಗಳಲ್ಲಿ ಒಂದು ಹಿತ್ತಲ ಬಾಗಿಲು ಇಟ್ಟಿದ್ದರು. ಪೊಗದಿಗೆ ಧಕ್ಕೆ ಬರುವ ಸೂಚನೆ ಕಂಡರೆ ಕಂಪನಿಯೇ ಆಡಳಿತ ವಹಿಸಿಕೊಳ್ಳಬಹುದು. ಆಗ ಅರಸರಿಗೆ 1 ಲಕ್ಷ ಪಗೋಡ ಮತ್ತು ನಿವ್ವಳ ಉತ್ಪತ್ತಿಯ ಐದರಲ್ಲೊಂದು ಪಾಲು. ನಗರ ಸೀಮೆಯ ದಂಗೆಯ ನೆಪದಲ್ಲಿ 1831ರಲ್ಲಿ ಗವರ್ನರ್ ಜನರಲ್ ಬೆಂಟಿಂಕ್ ಆ ಬಾಗಿಲಿನಿಂದ ಒಳಗೆ ಬಂದ. ಸೂರ್ಯಚಂದ್ರರು ಇದ್ದಲ್ಲೇ ಇದ್ದರು. ರಾಜ್ಯ ಕಮಿಷನರ ಕೈಗೆ ಹೋಯಿತು. ಹೆಚ್ಚುಕಡಿಮೆ ಅದೇ ವರ್ಷಗಳಲ್ಲಿ ಅಮೆರಿಕದ ಅಧ್ಯಕ್ಷ ಜಾಕ್ಸನ್ ಅಲ್ಲಿನ ಮೂಲನಿವಾಸಿಗಳಿಗೆ ಹುಲ್ಲು ಬೆಳೆಯುವವರೆಗೆ, ನೀರು ಹರಿಯುವವರೆಗೆ ನೆಲ ನಿಮ್ಮದೇ ಎಂದು ಹೇಳಿ ಒಕ್ಕಲೆಬ್ಬಿಸುತ್ತಿದ್ದ. ಇಂಥ ಪದಗಳಿಗೆ ಎಲ್ಲ ಕಡೆಯೂ ಒಂದೇ ಗತಿ.

ನನ್ನನ್ನು ಹಿಡಿದು ನಿಲ್ಲಿಸಿದ್ದು ಇದರ ಮುಂದಿನ ಕಥೆ. ಮುಮ್ಮಡಿಯವರಿಗೆ ಔರಸ ಉತ್ತರಾಧಿಕಾರಿ ಇರಲಿಲ್ಲ. ಅವರ ನಂತರ ಮೈಸೂರು ಕಂಪನಿಗೇ ಸೇರಬೇಕೆಂದು ಡಾಲ್‌ಹೌಸಿ ವಾದಿಸಿದ. ಅವನ ಆಧಾರ? ಒಪ್ಪಂದದಲ್ಲಿ ವಾರಸುದಾರರು, ಉತ್ತರಾಧಿಕಾರಿಗಳು ಎಂಬ ಮಾತೇ ಇಲ್ಲ; ಆದ್ದರಿಂದ ಅದು ಒಬ್ಬ ವ್ಯಕ್ತಿಗೆ ಕೊಟ್ಟದ್ದು. ಮೈಸೂರಿನ ಪರ ನಿಂತ ಇವಾನ್ಸ್ ಬೆಲ್‌ರಂಥವರು ಕೇಳಿದರು: ಒಬ್ಬ ಮನುಷ್ಯ ಸಾಯುವವರೆಗಿನ ಕರಾರಿಗೆ ಸೂರ್ಯಚಂದ್ರರನ್ನು ಕರೆತಂದದ್ದು ಯಾಕೆ? ಒಂದು ಕಡೆ ಇಲ್ಲದ ಪದ, ಇನ್ನೊಂದು ಕಡೆ ಇರುವ ಪದ. ನಡುವೆ ಒಂದು ರಾಜ್ಯ. 1865ರಲ್ಲಿ ಚಾಮರಾಜೇಂದ್ರರ ದತ್ತು, 1867ರಲ್ಲಿ ಅದಕ್ಕೆ ಮಾನ್ಯತೆ, ಮರುವರ್ಷ ಮುಮ್ಮಡಿಯವರ ಮರಣ, 1881ರ ಮಾರ್ಚ್ 25ರಂದು ರಾಜ್ಯ ವಾಪಸು. ಅಂದಿನ ಹಸ್ತಾಂತರ ಪತ್ರವಂತೂ ಷರತ್ತುಗಳ ಕಂತೆ.

ಇದನ್ನು ಓದಿದ ಮೇಲೆಯೇ ನಮ್ಮ ಸೇನಬೋವರ ಮೇಲೆ ನನಗೆ ಗೌರವ ಹೆಚ್ಚಾದದ್ದು. ಅವರು ದಾನ ಬರೆಯುವಾಗ ಆಚಂದ್ರಾರ್ಕವನ್ನು ಒಂಟಿಯಾಗಿ ಬಿಟ್ಟುಬಿಡುತ್ತಿರಲಿಲ್ಲ. ‘ಪುತ್ರಪೌತ್ರ ಪಾರಂಪರ್ಯವಾಗಿ’ ಎಂಬುದನ್ನು ಜೊತೆಗೆ ಕೂರಿಸುತ್ತಿದ್ದರು. ಪಾಂಡಿತ್ಯಕ್ಕೆ ಬೆಳೆಸಿದ ಮಾತು ಎಂದು ನಾವು ಓದುವಾಗ ಹಾರಿಸಿಬಿಡುವ ಜಾಗ ಅದು. ಆಚಂದ್ರಾರ್ಕ ಎಷ್ಟು ಕಾಲ ಎಂದು ಹೇಳುತ್ತದೆ, ಪುತ್ರಪೌತ್ರ ಯಾರಿಗೆ ಎಂದು ಹೇಳುತ್ತದೆ. ಎರಡರಲ್ಲಿ ಒಂದು ಬಿಟ್ಟರೂ ಡಾಲ್‌ಹೌಸಿಗೆ ಕೆಲಸ ಸಿಗುತ್ತದೆ. ಕಂಪನಿಯ ವಕೀಲಿ ಬುದ್ಧಿ ಆ ಜೋಡಿಯನ್ನು ಒಡೆಯಿತು. ಟಿಪ್ಪುವಿನ ಮುನ್ಷಿ ಒಡೆಯಲಿಲ್ಲ: ಮಕ್ಕಳು ಮರಿಮಕ್ಕಳು, ಭೂಮಿ ಆಕಾಶ, ಎರಡೂ ಅವನ ಫಾರ್ಸಿಯಲ್ಲಿವೆ. ಆ ಒಡ್ಡು ಏಳದೇ ಹೋಯಿತೆಂಬುದು ಬೇರೆ ಮಾತು. ಕರಾರುಪತ್ರವಾಗಿ 1794ರ ಕಲ್ಲು 1799ರ ಕಾಗದಕ್ಕಿಂತ ಗಟ್ಟಿ.

ನಾನು ಓದಿರುವ ಶಾಸನಗಳಲ್ಲಿ ನನಗೆ ಅತಿ ಪ್ರಿಯವಾದ ಪ್ರಯೋಗದಲ್ಲಿ ಈ ಪದ ಗದ್ದೆಗೆ ಅಂಟಿಲ್ಲ. ನಾಗಮಂಗಲದ ಕಂಬದಹಳ್ಳಿಯ ಬಸದಿಗಳನ್ನು ನೋಡಿಕೊಂಡು ಗಡಿ ದಾಟಿದರೆ ಶ್ರವಣಬೆಳಗೊಳ. ಅಲ್ಲಿದೆ 1368ರ ಬುಕ್ಕರಾಯನ ಶಾಸನ. ಜೈನರಿಗೂ ಶ್ರೀವೈಷ್ಣವರಿಗೂ ವಾದ್ಯ, ಕಲಶಗಳ ಮರ್ಯಾದೆಯ ಜಗಳ ಬಿದ್ದು, ಜೈನರು ರಾಜನ ಮುಂದೆ ದೂರು ಇಟ್ಟರು. ಬುಕ್ಕರಾಯ ಶ್ರೀವೈಷ್ಣವ ಮುಖಂಡರನ್ನು ಕರೆಸಿದ. ಶ್ರೀರಂಗ, ತಿರುಮಲೆ, ಕಂಚಿಗಳ ಜೊತೆಗೆ ತಿರುನಾರಾಯಣಪುರ, ಎಂದರೆ ನಮ್ಮ ಮೇಲುಕೋಟೆಯ ಹೆಸರೂ ಅದರಲ್ಲಿದೆ. ಜೈನರ ಕೈಯನ್ನು ವೈಷ್ಣವರ ಕೈಯಲ್ಲಿಟ್ಟು ರಾಜ ತೀರ್ಮಾನ ಹೇಳಿದ. ಚಂದ್ರಾರ್ಕಸ್ಥಾಯಿಯಾಗಿ ಜೈನದರ್ಶನವನ್ನು ರಕ್ಷಿಸಿಕೊಂಡು ಬರುತ್ತೇವೆ ಎಂಬ ಮಾತು ಬರುವುದು ಅಲ್ಲಿ.

ಬರೀ ಮಾತಾಗಿ ಬಿಡಲಿಲ್ಲ ಎಂಬುದು ಇನ್ನೂ ಚೆಂದ. ಜೈನರ ಮನೆಮನೆಯಿಂದ ವರ್ಷಕ್ಕೊಂದು ಹಣ ಎತ್ತಿ ತಿರುಮಲೆಯ ತಾತಯ್ಯನಿಗೆ ಕೊಡುವುದು. ಅವನು ಬೆಳಗೊಳದ ದೇವರಿಗೆ ಇಪ್ಪತ್ತು ಜನ ಕಾವಲಿನವರನ್ನು ಇಡುವುದು. ಉಳಿದ ಹಣದಲ್ಲಿ ಹಳೆಯ ಬಸದಿಗಳಿಗೆ ಸುಣ್ಣ ಹೊಡೆಸುವುದು. ಕಾವಲಿನ ಖರ್ಚು ದೂರು ಕೊಟ್ಟವರ ತಲೆಗೇ ಬಂತಲ್ಲ ಎಂಬ ಅನುಮಾನ ನನಗೂ ಇದೆ. ಇಷ್ಟಾದರೂ ಆಕಾಶದ ಮಾತಿಗೆ ಸುಣ್ಣದ ಲೆಕ್ಕ ಸೇರಿಸಿದ ಶಾಸನ ಎಂದು ಅದರ ಮೇಲೆ ನನಗೆ ಮೋಹ.

ದೇವರ ಗದ್ದೆಗಳ ಆಚಂದ್ರಾರ್ಕ ಮುಗಿದದ್ದು ಮೈಸೂರು ಧಾರ್ಮಿಕ ಮತ್ತು ಧರ್ಮಾದಾಯ ಇನಾಮುಗಳ ರದ್ದತಿ ಕಾಯ್ದೆಯಿಂದ, 1955ರಲ್ಲಿ. ಭೂಮಿ ಸರ್ಕಾರಕ್ಕೆ ಸೇರಿತು, ಉಳುವವರ ಹೆಸರಿಗೆ ದಾರಿಯಾಯಿತು. ನನಗೆ ಅದರ ಬಗ್ಗೆ ಕೊರಗಿಲ್ಲ. ಕಲ್ಲಿನಲ್ಲಿ ಅರ್ಚಕರ, ಸ್ಥಾನಿಕರ ಹೆಸರು ಸಿಗುತ್ತದೆ, ನಾಟಿ ಹಾಕಿದವರ ಹೆಸರು ಹುಡುಕಿದರೂ ಸಿಗುವುದು ಅಪರೂಪ. ಹೋದ ಇನಾಮಿನ ಬದಲಿಗೆ ಗುಡಿಗೆ ವರ್ಷಾಶನ ಗೊತ್ತಾಯಿತು, ಅದಕ್ಕೆ ತಸ್ತೀಕು ಎಂದು ಹೆಸರು. ಸೂರ್ಯಚಂದ್ರರು ಮಾಡುತ್ತಿದ್ದ ಕೆಲಸಕ್ಕೆ ಒಂದು ಅರಬ್ಬಿ ಪದ ಬಂದು ಕೂತಿತು.

ಪಾಂಡವಪುರ ತಾಲ್ಲೂಕಿನ ಒಂದು ಸಣ್ಣ ಗುಡಿಯಲ್ಲಿ ಅರ್ಚಕರು ಹೊರಗಿನ ಶಾಸನ ಓದಿಸಿಕೊಂಡು ಕೇಳಿದರು. ನಂದಾದೀಪಕ್ಕೆ ಇಷ್ಟು, ನೈವೇದ್ಯಕ್ಕೆ ಇಷ್ಟು, ಎಲ್ಲ ಚಂದ್ರ ಸೂರ್ಯರು ಇರುವವರೆಗೆ ಎಂದೆ. ‘ಅದು ಸರಿ ಸ್ವಾಮಿ, ಎಣ್ಣೆ ರೇಟು ಏರಿದರೆ ಅಂತ ಏನಾದರೂ ಬರೆದಿದಾರಾ ನೋಡಿ’ ಎಂದರು. ಬರೆದಿರಲಿಲ್ಲ. ಅರ್ಚಕರು ತಲೆಯಾಡಿಸಿ, ಪೈಂಟಿನ ಡಬ್ಬಿಯಲ್ಲಿದ್ದ ಎಣ್ಣೆಯನ್ನು ದೀಪಕ್ಕೆ ಹನಿಸಲು ಒಳಗೆ ಹೋದರು.