ಕರೆಯುವವರ ಮಾನಸ್ತಂಭ

ಭಗವಾನ್ ಮಹಾವೀರರಿಗೆ ಕೇವಲಜ್ಞಾನ ಪ್ರಾಪ್ತವಾದ ಮೇಲೂ 66 ದಿನ ದಿವ್ಯಧ್ವನಿ ಹೊಮ್ಮಲಿಲ್ಲವೆಂದು ದಿಗಂಬರ ಪರಂಪರೆ ಹೇಳುತ್ತದೆ. ಆ ವಾಣಿಯನ್ನು ಗ್ರಹಿಸಿ ವಿವರಿಸಬಲ್ಲ ಗಣಧರರು ಆಗ ಇರಲಿಲ್ಲ. ಸೌಧರ್ಮೇಂದ್ರನು ವೇದಪಾರಂಗತನಾದ ಇಂದ್ರಭೂತಿ ಗೌತಮನನ್ನು ಕರೆತಂದನು. ಮಾನಸ್ತಂಭವನ್ನು ಕಂಡೊಡನೆ ಆತನ ವಿದ್ಯಾಗರ್ವ ಕರಗಿತು. ಆತನೇ ಮೊದಲ ಗಣಧರನಾದನು. ಇದನ್ನು ನಾವು ಬಂದವನ ಗರ್ವಭಂಗದ ಕಥೆಯೆಂದೇ ಹೇಳುತ್ತ ಬಂದಿದ್ದೇವೆ. ಕರೆಯುವವರಿಗೂ ಒಂದು ಮಾನಸ್ತಂಭ ಬೇಕೆಂಬುದು ನನಗೆ ತಿಳಿದದ್ದು ತಡವಾಗಿ.

ನಿವೃತ್ತಿಯ ನಂತರ ನಾನು ಒಂದು ಪುಟ್ಟ ಪ್ರೌಢಶಾಲೆಯ ಆಡಳಿತ ಮಂಡಳಿಯಲ್ಲಿದ್ದೇನೆ. ಮುಖ್ಯೋಪಾಧ್ಯಾಯರ ಹುದ್ದೆಗೆ ಇಬ್ಬರು ಉಳಿದಿದ್ದರು. ಒಬ್ಬ ನನ್ನ ಹಳೆಯ ವಿದ್ಯಾರ್ಥಿ. ವಿನಯವಂತ, ಹೇಳಿದ್ದಕ್ಕೆಲ್ಲ ತಲೆಯಾಡಿಸುವವನು. ಇನ್ನೊಬ್ಬರು ಗಣಿತದ ಅನುಭವಿ ಶಿಕ್ಷಕಿ. ಭಿನ್ನರಾಶಿಗಳನ್ನು ಕೂಡುವಾಗ ಮಕ್ಕಳು ಛೇದಗಳನ್ನೂ ಕೂಡಿಬಿಡುವುದೇಕೆ ಎಂದು ಕೇಳಿದೆವು. ಮಗು ಭಿನ್ನರಾಶಿಯನ್ನು ಒಂದು ಸಂಖ್ಯೆಯೆಂದು ಕಾಣದೆ ಎರಡು ಬಿಡಿ ಸಂಖ್ಯೆಗಳೆಂದು ಕಾಣುತ್ತದೆ ಎಂದು ಅವರು ಒಂದು ರೊಟ್ಟಿಯ ಚಿತ್ರ ಬರೆದು ತೋರಿಸಿದರು. ಮೂವತ್ತು ವರ್ಷ ಆ ತಪ್ಪಿಗೆ ಕೆಂಪು ಶಾಯಿಯಲ್ಲಿ ಗೀಟು ಹಾಕಿದವನು ನಾನು. ಮೆಚ್ಚಬೇಕಾಗಿದ್ದ ನನ್ನ ಕೈ ಅಂಕಪಟ್ಟಿಯಲ್ಲಿ ಹಳೆಯ ಶಿಷ್ಯನಿಗೇ ಹೆಚ್ಚು ಅಂಕ ಬರೆಯಿತು. ‘ಈಕೆ ನಮ್ಮ ಮಾತು ಕೇಳುವವರಲ್ಲ’ ಎಂದೂ ನಾನೇ ಹೇಳಿದೆ.

ಆ ರಾತ್ರಿ ನಿದ್ರೆ ಬರಲಿಲ್ಲ. ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಎಣಿಸಿದ ಎಂಟು ಮದಗಳಲ್ಲಿ ಜ್ಞಾನಮದವೇ ಮೊದಲನೆಯದು. ಆದರೆ ಸಮ್ಯಗ್ದರ್ಶನಕ್ಕೆ ಮದ ಹೋದರೆ ಸಾಲದು, ಮೂಢತೆಯೂ ಹೋಗಬೇಕು ಎನ್ನುತ್ತಾರೆ ಆಚಾರ್ಯರು. ತನಗಿಂತ ಬಲ್ಲವರನ್ನು ಮದ ದೂರವಿಡುತ್ತದೆ. ಬಲ್ಲವರೆಂಬ ಹೆಸರು ಕೇಳಿದೊಡನೆ ಮೂಢತೆ ಪರೀಕ್ಷಿಸದೆ ಕೈಮುಗಿಯುತ್ತದೆ. ಅದೇ ಆಚಾರ್ಯರು ಆಪ್ತಮೀಮಾಂಸೆಯಲ್ಲಿ ಆಪ್ತನನ್ನೇ ಪರೀಕ್ಷೆಗೆ ಒಡ್ಡಿದ್ದಾರೆ. ಚಾಮರಾದಿ ಬಾಹ್ಯ ವೈಭವ ಅಲ್ಲಿ ಪ್ರಮಾಣವಾಗುವುದಿಲ್ಲ.

ಆದರೆ ನಾವು ಅರಿಯದ ವಿದ್ಯೆಯನ್ನು ಅಳೆಯುವುದು ಹೇಗೆ? ಮರುದಿನ ಮಂಡಳಿಯ ಮುಂದೆ ನನ್ನ ಅಂಕಗಳನ್ನು ಹಿಂಪಡೆದು, ಅವರನ್ನು ಮತ್ತೊಮ್ಮೆ ಕರೆಸಲು ಕೋರಿದೆ. ಈ ಬಾರಿ ಪದವಿಪತ್ರಗಳನ್ನು ಬದಿಗಿಟ್ಟು ಅವರ ಸೋಲುಗಳನ್ನು ಕೇಳಿದೆವು. ಎರಡನ್ನು ಮುಚ್ಚುಮರೆಯಿಲ್ಲದೆ ಹೇಳಿದರು. ಅವರ ಕೈಕೆಳಗೆ ದುಡಿದ ಇಬ್ಬರು ಶಿಕ್ಷಕರೊಡನೆ ಮಾತನಾಡಿದೆವು. ಲೆಕ್ಕಪತ್ರ ಮತ್ತು ಮಕ್ಕಳ ಸುರಕ್ಷತೆ ಮಂಡಳಿಯ ಹೊಣೆ, ಬೋಧನೆಯ ತೀರ್ಮಾನ ಅವರದು ಎಂದು ಬರೆದುಕೊಟ್ಟೆವು. ನನ್ನ ಶಿಷ್ಯನಿಗೆ ವಿಷಯ ತಿಳಿಸುವ ಕಷ್ಟವೂ ನನ್ನ ಪಾಲಿಗೇ ಬಂತು.

ಬಂದ ಮೊದಲ ವಾರದಲ್ಲೇ ಆ ತಾಯಿ, ನಾನು ಅಕ್ಕರೆಯಿಂದ ಸಿದ್ಧಪಡಿಸಿದ್ದ ವೇಳಾಪಟ್ಟಿಯನ್ನು ತೆಗೆದುಹಾಕಿದರು. ಆಕ್ಷೇಪಪತ್ರ ಬರೆಯಲು ಕುಳಿತೆ. ಎರಡು ಸಾಲು ಬರೆದು ಮಡಚಿಟ್ಟೆ. ಮರುದಿನ ಅವರ ಅನುಮತಿ ಕೇಳಿ ಎಂಟನೆಯ ತರಗತಿಯ ಹಿಂದಿನ ಬೆಂಚಿನಲ್ಲಿ ಕುಳಿತೆ. ಅಂದು ಪಾಠ ಭಿನ್ನರಾಶಿಯದೇ ಆಗಿತ್ತು.