ನೆರಳು ಕುಡಿಯುವ ಊರಿನಲ್ಲಿ

ಅಂಗಡಿಯಾತ ಕೌಂಟರಿನ ಕೆಳಗಿನಿಂದ ಒಂದು ಮೀನನ್ನು ಎತ್ತಿ ಮರದ ಹಲಗೆಗೆ ಕುಟ್ಟಿದ. ಟಕ್ ಟಕ್ ಎಂದಿತು. ಕಣ್ಣು ಮುಚ್ಚಿ ಕೇಳಿದರೆ ಯಾರೋ ಸೌದೆ ಬಡಿಯುತ್ತಿದ್ದಾರೆ ಎನ್ನಬೇಕು. ತಲೆ ಇಲ್ಲದ, ಮೊಳಕ್ಕೂ ಉದ್ದದ, ಒಣಗಿ ಕೊರಡಾದ ಮೀನು. "ಮುಟ್ಟಿ ನೋಡಿ" ಎಂದರು ನಮ್ಮ ಮಾರ್ಗದರ್ಶಿ. ಮುಟ್ಟುವ ಮೊದಲೇ ಅದರ ವಾಸನೆ ನನ್ನನ್ನು ತಲುಪಿತ್ತು. ಕುಂದಾಪುರದ ನಮ್ಮ ಮನೆಯ ಅಟ್ಟದಲ್ಲಿ ಅಮ್ಮ ಮಳೆಗಾಲಕ್ಕೆಂದು ಡಬ್ಬಿಯಲ್ಲಿ ಭದ್ರ ಮಾಡಿಡುತ್ತಿದ್ದ ಒಣಮೀನಿಗೆ ದಾಯಾದಿಯಾಗಬೇಕಾದ ವಾಸನೆ. ವೆನಿಸ್‌ಗೆ ಬಂದು ಎರಡು ದಿನವಾಗಿತ್ತು. ಅರಮನೆ, ಚರ್ಚು, ಕಾಲುವೆ ಎಲ್ಲವನ್ನೂ ನೋಡಿ ಬೆರಗಾಗಿದ್ದೆ. ಆದರೆ ಆ ಊರಿಗೂ ನನಗೂ ಮಾತು ಶುರುವಾದದ್ದು ಈ ಮೀನಿನಿಂದ.

ಇಟಲಿಯ ಈ ನೀರಿನ ಊರಿನಲ್ಲಿ ನಡೆಯುತ್ತ, ತಿನ್ನುತ್ತ, ಗುಟುಕು ವೈನ್ ಕುಡಿಯುತ್ತ ಹಳೆಯ ಓಣಿಗಳನ್ನು ತೋರಿಸುವ ಪ್ರವಾಸಗಳು ಈಗ ಹಲವು ಇವೆ. ಎರಡೂವರೆ ಗಂಟೆ, ನಾಲ್ಕೈದು ಅಂಗಡಿ. ನಾವು ಏಳು ಮಂದಿ ಬೆಳಿಗ್ಗೆ ಹತ್ತಕ್ಕೆ ಸೇರಿದ್ದು ರಿಯಾಲ್ಟೊ ಸೇತುವೆಯಿಂದ ಇಳಿದ ಕೂಡಲೇ ಸಿಗುವ ಗೂನು ಬೆನ್ನಿನ ಕಲ್ಲಿನ ಮನುಷ್ಯನ ಬಳಿ. 'ಗೊಬ್ಬೊ' ಎಂದು ಅವನ ಹೆಸರು. 1541ರಲ್ಲಿ ಕೆತ್ತಿದ ಶಿಲ್ಪ. ವೆನಿಸ್ ಗಣರಾಜ್ಯವಾಗಿದ್ದ ಕಾಲದಲ್ಲಿ ಸಣ್ಣಪುಟ್ಟ ಕಳ್ಳರನ್ನು ಸಂತ ಮಾರ್ಕನ ಚೌಕದಿಂದ ಇಲ್ಲಿಯವರೆಗೆ ಬಟ್ಟೆ ಬಿಚ್ಚಿ, ಹೊಡೆಯುತ್ತ ಓಡಿಸುತ್ತಿದ್ದರಂತೆ. ಈ ಗೂನನಿಗೆ ಮುತ್ತಿಟ್ಟರೆ ಶಿಕ್ಷೆ ಮುಗಿಯಿತು. ಎದುರಿಗಿರುವ ಸಂತ ಜಾಕೊಮೊ ಚರ್ಚಿನ ಹಿಂಗೋಡೆಯ ಮೇಲೆ ವ್ಯಾಪಾರಿಗಳಿಗೆ ಒಂದು ಎಚ್ಚರಿಕೆ ಕೆತ್ತಿದೆ: ತೂಕ ಸರಿಯಿರಲಿ, ಒಪ್ಪಂದದಲ್ಲಿ ಮೋಸ ಬೇಡ ಎಂಬ ಅರ್ಥದ್ದು. ದೇವರ ಗೋಡೆಯ ಮೇಲೆ ತಕ್ಕಡಿಯ ಮಾತು ಬರೆದ ಊರು ಇದು. ಅಲ್ಲಿ ನಿಂತರೆ ವೆನಿಸ್ ಬದುಕಿದ್ದು ಯಾವುದರಿಂದ ಎಂದು ಬೇರೆ ಯಾರೂ ಹೇಳಬೇಕಾಗಿಲ್ಲ.

"ಮೊದಲು ಒಂದು ನೆರಳು ಕುಡಿಯೋಣ" ಎಂದರು ಮಾರ್ಗದರ್ಶಿ. ಐವತ್ತರ ಆಸುಪಾಸಿನ ಹೆಂಗಸು, ಚಪ್ಪಟೆ ಚಪ್ಪಲಿ, ಹೆಗಲಿಗೊಂದು ಬಟ್ಟೆ ಚೀಲ. ಬಾವುಟ ಹಿಡಿದಿರಲಿಲ್ಲ, ಮೈಕೂ ಇರಲಿಲ್ಲ. ವೆನಿಸ್‌ನಲ್ಲಿ ಸಣ್ಣ ಲೋಟದ ವೈನಿಗೆ 'ಓಂಬ್ರ' ಎನ್ನುತ್ತಾರೆ. ಓಂಬ್ರ ಎಂದರೆ ನೆರಳು. ಹಿಂದೆ ಸಂತ ಮಾರ್ಕನ ಚೌಕದಲ್ಲಿ ಗಾಡಿಯಿಟ್ಟು ವೈನ್ ಮಾರುತ್ತಿದ್ದವರು ಬಿಸಿಲಿಗೆ ವೈನ್ ಕೆಡದಿರಲೆಂದು ಗಂಟೆಗೋಪುರದ ನೆರಳು ಸರಿದಂತೆ ತಾವೂ ಗಾಡಿ ಸರಿಸುತ್ತಿದ್ದರಂತೆ. ಹಾಗಾಗಿ ಕುಡಿಯುವವರು 'ನೆರಳಿಗೆ ಹೋಗೋಣ' ಎಂದರು, ಬರುಬರುತ್ತ ಲೋಟವೇ ನೆರಳಾಯಿತು. ಆ ಗೋಪುರ 1902ರ ಜುಲೈ 14ರಂದು ಕುಸಿದು ಇಟ್ಟಿಗೆಯ ರಾಶಿಯಾಯಿತು. ಇದ್ದಲ್ಲೇ, ಇದ್ದ ಹಾಗೆಯೇ ಕಟ್ಟುತ್ತೇವೆ ಎಂದು ಹಟ ಹಿಡಿದು 1912ರಲ್ಲಿ ಮತ್ತೆ ನಿಲ್ಲಿಸಿದರು. ಹತ್ತು ವರ್ಷ ಚೌಕಕ್ಕೆ ಆ ನೆರಳು ಇರಲಿಲ್ಲ. ಲೋಟದ ಹೆಸರು ಮಾತ್ರ ಹಾಗೇ ಉಳಿಯಿತು.

ಈ ನೆರಳು ಸಿಗುವ ಅಂಗಡಿಗೆ 'ಬಾಕರೊ' ಎಂದು ಹೆಸರು. ನಮ್ಮ ಕಡೆಯ ದರ್ಶಿನಿಯನ್ನು ಇನ್ನಷ್ಟು ಕಿರಿದು ಮಾಡಿ, ಇನ್ನಷ್ಟು ಕತ್ತಲೆ ಮಾಡಿ ನೆನೆದರೆ ಬಾಕರೊ. ಕೂರಲು ಜಾಗವಿರುವುದು ಅಪರೂಪ. ಗಾಜಿನ ಕಪಾಟಿನಲ್ಲಿ ಒಂದೆರಡು ತುತ್ತಿನ ತಿನಿಸುಗಳು ಸಾಲಾಗಿರುತ್ತವೆ. ಅವಕ್ಕೆ 'ಚಿಕೆಟ್ಟಿ' ಎನ್ನುತ್ತಾರೆ. ಬೆರಳು ತೋರಿಸಬೇಕು, ನಿಂತು ತಿನ್ನಬೇಕು, ಪಕ್ಕದವರೊಂದಿಗೆ ಮಾತಾಡಬೇಕು, ಮುಂದಿನ ಅಂಗಡಿಗೆ ನಡೆಯಬೇಕು. ಪ್ರವಾಸ ಕಂಪನಿಗಳು ಇದನ್ನು ಕಂಡುಹಿಡಿದದ್ದಲ್ಲ. ಮೀನು ಇಳಿಸುವವರು, ದೋಣಿ ನಡೆಸುವವರು, ಗುಮಾಸ್ತರು, ವಕೀಲರು ಎಲ್ಲರೂ ಹೀಗೇ ಒಂದು ಬಾಗಿಲಿನಿಂದ ಇನ್ನೊಂದಕ್ಕೆ ಸುತ್ತು ಹಾಕುತ್ತಿದ್ದರು, ಈಗಲೂ ಹಾಕುತ್ತಾರೆ. ಪ್ರವಾಸದವರು ಆ ಸುತ್ತಿನ ಬೆನ್ನು ಹತ್ತಿದ್ದಾರೆ, ಅಷ್ಟೆ. ನಾವು ಹೊಕ್ಕ ಎರಡನೆಯ ಅಂಗಡಿ 'ದೊ ಮೋರಿ'. 1462ರಿಂದ ಇದೆ ಎನ್ನುತ್ತಾರೆ. ಸೂರಿನಿಂದ ಹತ್ತಾರು ತಾಮ್ರದ ಕೊಡಗಳು ತೂಗುತ್ತಿವೆ. ಎತ್ತರದವರು ತಲೆ ಬಗ್ಗಿಸಿಯೇ ನಡೆಯಬೇಕು. ವೈನಿನ ಬಗ್ಗೆ ನಾನು ಹೆಚ್ಚು ಹೇಳಲಾರೆ. ಬಿಳಿ ಬೇಕೆಂದರೆ ಸೊಆವೆ, ಕೆಂಪು ಬೇಕೆಂದರೆ ಪಿಯಾವೆ ನದಿ ಬಯಲಿನ ರಾಬೊಸೊ, ಗುಳ್ಳೆಯೇಳುವುದು ಬೇಕೆಂದರೆ ಉತ್ತರದ ಗುಡ್ಡಗಳ ಪ್ರೊಸೆಕ್ಕೊ. ರಾಬೊಸೊ ಹುಳಿಯೂ ಒಗರೂ ಆಗಿ ನಾಲಗೆಯನ್ನು ಒಮ್ಮೆ ಹಿಡಿದು ಬಿಡುತ್ತದೆ. ಎಣ್ಣೆಯ ತಿಂಡಿಗೆ ಅದೇ ಸರಿ.

ನನ್ನ ಮನಸ್ಸು ಮೀನಿನಲ್ಲಿತ್ತು. ಅದರ ಕತೆ ಹೇಳಿ ಎಂದು ಮಾರ್ಗದರ್ಶಿಯನ್ನು ಕಾಡಿದೆ.

ಪಿಯೆತ್ರೊ ಕ್ವೆರಿನಿ ಎಂಬ ವೆನಿಸ್‌ನ ವ್ಯಾಪಾರಿ 1431ರ ಏಪ್ರಿಲ್‌ನಲ್ಲಿ ಕ್ರೀಟ್ ದ್ವೀಪದಿಂದ ಹಡಗು ಬಿಟ್ಟ. ಮಾಲ್ವಸಿಯಾ ವೈನಿನ ಪೀಪಾಯಿಗಳು, ಮಸಾಲೆ, ಹತ್ತಿ ತುಂಬಿಕೊಂಡು ಫ್ಲಾಂಡರ್ಸ್‌ಗೆ ಹೊರಟಿದ್ದ. ಹಡಗಿನಲ್ಲಿ 68 ಜನ. ಬಿರುಗಾಳಿಗೆ ಚುಕ್ಕಾಣಿ ಮುರಿಯಿತು. ಹಡಗು ದಿಕ್ಕು ತಪ್ಪಿ ಉತ್ತರಕ್ಕೆ ತೇಲಿತು. ಚಳಿಗಾಲದ ನಡುವೆ ಹಡಗನ್ನು ಬಿಟ್ಟು ಎರಡು ದೋಣಿಗಳಿಗೆ ಇಳಿದರು. ಒಂದು ದೋಣಿ ಮತ್ತೆ ಕಾಣಲಿಲ್ಲ. ಕೊನೆಗೆ ನಾರ್ವೆಯ ಲೊಫೋಟೆನ್ ದ್ವೀಪಗಳ ತುದಿಯಲ್ಲಿ, ರೋಸ್ಟ್ ಬಳಿಯ ಜನವಸತಿಯಿಲ್ಲದ ಬಂಡೆಗಳ ಮೇಲೆ ಉಳಿದದ್ದು 11 ಜನ. 1432ರ ಆರಂಭದಲ್ಲಿ ಅಲ್ಲಿನ ಬೆಸ್ತರು ಅವರನ್ನು ಕಂಡು ಮನೆಗೆ ಕರೆದೊಯ್ದರು. ನೂರಿಪ್ಪತ್ತು ಜನರಿದ್ದ ಆ ದ್ವೀಪದಲ್ಲಿ ಅವರು ಬೇಸಿಗೆ ಬರುವವರೆಗೆ ಉಳಿದರು. ತಮಗೆ ಗೊತ್ತಿಲ್ಲದ ಭಾಷೆಯ, ಗೊತ್ತಿಲ್ಲದ ಊರಿನ ಜನರನ್ನು ಆ ಬಡ ಮನೆಗಳು ಮೂರು ತಿಂಗಳಿಗೂ ಮೀರಿ ಸಾಕಿದವು. ಹೊರಡುವಾಗ ದಾರಿಗೆಂದು 60 ಒಣಮೀನು ಕಟ್ಟಿಕೊಟ್ಟರು.

ಕ್ವೆರಿನಿ ಊರಿಗೆ ಮರಳಿ ಇದನ್ನೆಲ್ಲ ಬರೆದಿಟ್ಟ. ಅಲ್ಲಿನವರು ಮೀನಿಗೆ ಉಪ್ಪು ಹಾಕುವುದಿಲ್ಲ, ಗಾಳಿಗೂ ಬಿಸಿಲಿಗೂ ಒಡ್ಡಿ ಒಣಗಿಸುತ್ತಾರೆ, ಅದು ಮರದಂತೆ ಗಟ್ಟಿಯಾಗುತ್ತದೆ, ತಿನ್ನುವಾಗ ಕೊಡಲಿಯ ಬೆನ್ನಿನಿಂದ ಬಡಿದು ನಾರು ಬಿಡಿಸಿ ಬೆಣ್ಣೆ ಮಸಾಲೆ ಹಾಕುತ್ತಾರೆ ಎಂದು. ನಮ್ಮ ಕರಾವಳಿಯಲ್ಲಿ ನಾವು ಉಪ್ಪು ಸವರಿ ಒಣಗಿಸುತ್ತೇವೆ. ನಮ್ಮ ಗಾಳಿಯಲ್ಲಿ ನೀರಿನಂಶ ಹೆಚ್ಚು, ಉಪ್ಪಿಲ್ಲದಿದ್ದರೆ ಹುಳ ಬೀಳುತ್ತದೆ. ಅಲ್ಲಿ ಚಳಿಗಾಳಿಯೇ ಉಪ್ಪಿನ ಕೆಲಸ ಮಾಡುತ್ತದೆ. ಮುಂದಿನ ಶತಮಾನದಲ್ಲಿ ಕ್ಯಾಥೊಲಿಕ್ ಧರ್ಮಸಭೆ ಮಾಂಸ ವರ್ಜ್ಯದ ದಿನಗಳನ್ನು ಬಿಗಿ ಮಾಡಿದಾಗ ಕೆಡದೆ ಉಳಿಯುವ ಈ ಮೀನಿಗೆ ಬೇಡಿಕೆ ಬಂತು. ಮನೆ ಬಾಗಿಲಲ್ಲೇ ಸಮುದ್ರವಿರುವ, ಮೀನಿಗೇನೂ ಬರವಿಲ್ಲದ ಊರು ಸಾವಿರಾರು ಮೈಲಿ ದೂರದ ಒಣಮೀನನ್ನು ತನ್ನ ಊಟದ ಗುರುತು ಮಾಡಿಕೊಂಡಿತು. ಇದು ನನಗೆ ಈಗಲೂ ಅಚ್ಚರಿ.

ಮೂರನೆಯ ಅಂಗಡಿಯಲ್ಲಿ ಅದನ್ನು ಮಾಡುವುದನ್ನೇ ನೋಡಲು ಸಿಕ್ಕಿತು. ಬಡಿದು ಮೆತ್ತಗಾಗಿಸಿದ ಮೀನನ್ನು ಎರಡು ಮೂರು ದಿನ ನೀರಿನಲ್ಲಿ ನೆನೆಹಾಕಿ, ನೀರು ಬದಲಿಸುತ್ತಿರಬೇಕು. ತಣ್ಣೀರಿನಲ್ಲಿಟ್ಟು ಒಲೆಗೇರಿಸಿ ಬೇಯಿಸಬೇಕು. ಚರ್ಮ, ಮುಳ್ಳು ತೆಗೆಯಬೇಕು. ಕೈಗೆ ಬಿಸಿ ತಾಗುತ್ತಿರುವಾಗಲೇ ಪಾತ್ರೆಯನ್ನು ತೊಡೆಗಳ ನಡುವೆ ಇರುಕಿಸಿಕೊಂಡು ಅಂಗಡಿಯ ಮುದುಕ ಮರದ ಸೌಟಿನಿಂದ ಬಡಿಯತೊಡಗಿದ. ಎಡಗೈಯಿಂದ ದಾರದಷ್ಟು ಸಣ್ಣಗೆ ಎಣ್ಣೆ ಬೀಳುತ್ತಿತ್ತು. ಮೊದಲು ನಾರುನಾರಾಗಿದ್ದದ್ದು ಮುದ್ದೆಯಾಯಿತು, ಮುದ್ದೆ ಸಡಿಲಾಯಿತು, ಸಡಿಲಾದದ್ದು ಬೆಳ್ಳಗಾಗುತ್ತ ಹೋಯಿತು. ಸೌಟಿನ ಸದ್ದೂ ಬದಲಾಯಿತು. ಲಟಪಟ ಎನ್ನುತ್ತಿದ್ದದ್ದು ಕೊನೆಗೆ ಮೊಸರು ಕಡೆಯುವಾಗ ಬೆಣ್ಣೆ ಕೂಡುವ ಹೊತ್ತಿನ ಹಾಗೆ ಮೆತ್ತಗೆ, ಭಾರವಾಗಿ ಕೇಳತೊಡಗಿತು. ಕೆನೆ ಹಾಕಿದ್ದೀರಾ ಎಂದು ನಮ್ಮ ಗುಂಪಿನವರೊಬ್ಬರು ಕೇಳಿದರು. ಮುದುಕ ಸೌಟನ್ನು ಮೇಲೆತ್ತಿ ಇಲ್ಲವೆಂಬಂತೆ ಆಡಿಸಿದ. ಕೆನೆ ಇಲ್ಲ, ಆಲೂಗಡ್ಡೆ ಇಲ್ಲ. ಮೀನಿನ ಅಂಟು, ಎಣ್ಣೆ, ತೋಳಿನ ಬಲ, ಇಷ್ಟೇ. ಇದರ ಹೆಸರು 'ಬಕ್ಕಲಾ ಮಂತೆಕಾತೊ'. ಮೆಕ್ಕೆಜೋಳದ ಹಿಟ್ಟನ್ನು ಗಟ್ಟಿ ಮುದ್ದೆಯಾಗಿ ಬೇಯಿಸಿ, ತುಂಡು ಮಾಡಿ, ಸುಟ್ಟ ಪೊಲೆಂಟಾದ ಮೇಲೆ ಒಂದು ಚಮಚ ಹಚ್ಚಿ ಕೊಟ್ಟ. ಕೆಳಗೆ ಕರಕಲು ಬಿಸಿ, ಮೇಲೆ ತಣ್ಣನೆಯ ನುಣುಪು. ಬಾಯಲ್ಲಿ ಕರಗಿದ ಮೇಲೆ, ತೀರಾ ಕೊನೆಯಲ್ಲಿ, ಅಟ್ಟದ ಡಬ್ಬಿ ನೆನಪಾಯಿತು.

ಮೇಲೆ ಉದುರಿಸಿದ್ದು ಕರಿಮೆಣಸು. "ಇದು ನಿಮ್ಮ ಕಡೆಯದು" ಎಂದರು ಮಾರ್ಗದರ್ಶಿ, ಸೌಜನ್ಯಕ್ಕೆ. ಹತ್ತಿರದಲ್ಲೇ ಮಸಾಲೆ ವ್ಯಾಪಾರಿಗಳ ಬೀದಿ ಇದೆ, 'ರೂಗಾ ದೇಯಿ ಸ್ಪೆತ್ಸಿಯೆರಿ'. ವಾಸ್ಕೊ ಡ ಗಾಮ 1498ರಲ್ಲಿ ಬೇರೆ ದಾರಿ ಹುಡುಕುವವರೆಗೆ ನಮ್ಮ ಪಶ್ಚಿಮ ಕರಾವಳಿಯ ಮೆಣಸು ಕೆಂಪು ಸಮುದ್ರ, ಅಲೆಕ್ಸಾಂಡ್ರಿಯಾ ದಾಟಿ ಈ ಬೀದಿಗೆ ಬಂದು ಬೀಳುತ್ತಿತ್ತು. ಆಗ ನಾನು ಅವರಿಗೊಂದು ಕತೆ ಹೇಳಿದೆ. ವೆನಿಸ್ ನಿಂತಿರುವ ಇದೇ ಹಿನ್ನೀರಿನ ದಕ್ಷಿಣ ತುದಿಯ ಕಿಯೊಜ್ಜಾದ ನಿಕೊಲೊ ದೆ ಕೊಂತಿ 1420ರ ಸುಮಾರಿಗೆ ವಿಜಯನಗರಕ್ಕೆ ಬಂದಿದ್ದ. ಪಟ್ಟಣದ ಸುತ್ತಳತೆ ಅರವತ್ತು ಮೈಲಿ ಎಂದ. ಸಾಲುದೀಪದ ಹಬ್ಬ ಕಂಡ. ದಾರಿಹೋಕರಿಗೆ, ರಾಜ ರಾಣಿಯರಿಗೂ ಬಿಡದೆ ಕೇಸರಿ ನೀರೆರಚುವ ಹಬ್ಬವನ್ನೂ ಕಂಡ. ಇಟಲಿಗೆ ಮರಳಿದ ಮೇಲೆ ಅವನು ಹೇಳಿದ್ದನ್ನು ಪೋಪರ ಕಾರ್ಯದರ್ಶಿ ಪೊಜ್ಜೊ ಬ್ರಾಚೊಲಿನಿ ಬರೆದುಕೊಂಡ. ಮಾರ್ಗದರ್ಶಿ ಚೀಲದಿಂದ ಸಣ್ಣ ಪುಸ್ತಕ ತೆಗೆದು "ವಿಜಯನಗರ" ಎಂದು ಬರೆಸಿಕೊಂಡರು. "ಇನ್ನು ಮುಂದೆ ಮೆಣಸು ಉದುರಿಸುವಾಗ ಇದನ್ನೂ ಹೇಳುತ್ತೇನೆ ಸಿನ್ಯೋರಾ" ಎಂದರು. ನನಗೆ ಮೈ ಜುಮ್ಮೆಂದಿತು.

ಉಳಿದ ತಿನಿಸುಗಳಲ್ಲಿ 'ಸಾರ್ದೆ ಇನ್ ಸಾಓರ್' ಒಂದನ್ನು ಹೇಳಲೇಬೇಕು. ನಮ್ಮ ಬೂತಾಯಿಯ ಬಳಗದ ಮೀನನ್ನು ಹುರಿದು, ವಿನೆಗರ್‌ನಲ್ಲಿ ಬೆಂದ ಈರುಳ್ಳಿಯ ಹಾಸಿನ ನಡುವೆ ಪದರಪದರವಾಗಿ ಮುಚ್ಚಿ, ಒಣದ್ರಾಕ್ಷಿ, ಪೈನ್ ಬೀಜ ಸೇರಿಸಿ ಒಂದೆರಡು ದಿನ ಬಿಡುತ್ತಾರೆ. ನಾವಿಕರ ಬುತ್ತಿ ಇದು. ನಿನ್ನೆಯ ಮೀನುಸಾರು ಇಂದು ರುಚಿ ಎಂದು ತಿಳಿದವರಿಗೆ ಇದರ ಗುಟ್ಟು ವಿವರಿಸಬೇಕಿಲ್ಲ.

ರಿಯಾಲ್ಟೊದ ಮೀನು ಮಾರುಕಟ್ಟೆಗೂ ಹೋದೆವು. ಅದರ ಕಂಬಸಾಲಿನ ಕಟ್ಟಡ 1907ರದು. ಗೋಡೆಯಲ್ಲಿ ಒಂದು ಅಮೃತಶಿಲೆಯ ಫಲಕವಿದೆ; ಯಾವ ಮೀನು ಎಷ್ಟು ಉದ್ದವಾದ ಮೇಲೆ ಮಾರಬಹುದು ಎಂದು ಕೆತ್ತಿದ್ದಾರೆ. ಬೂತಾಯಿ 7 ಸೆಂಟಿಮೀಟರ್. ಮರಿ ಮೀನನ್ನು ಬಾಚಿ ತಂದು ಎಣ್ಣೆಗೂ ಗೊಬ್ಬರಕ್ಕೂ ಹಾಕುವ ನಮ್ಮ ಬಂದರುಗಳಲ್ಲಿ ಇಂಥದ್ದೊಂದು ಕಲ್ಲು ನೆಡಬೇಕು ಎಂದು ಅಲ್ಲಿ ನಿಂತು ಬಹಳ ಹೊತ್ತು ಯೋಚಿಸಿದೆ. ಆದರೆ ಈ ಮಾರುಕಟ್ಟೆಯಲ್ಲೇ ಈಗ ಕಂಬಗಳ ನಡುವೆ ಖಾಲಿ ಜಾಗ ಹೆಚ್ಚು. ಪ್ರವಾಸಿ ಹಸಿಮೀನು ಕೊಳ್ಳುವುದಿಲ್ಲ, ಫೋಟೊ ತೆಗೆಯುತ್ತಾನೆ. ಕೊಳ್ಳಬೇಕಾದವರು ಊರು ಬಿಟ್ಟಿದ್ದಾರೆ. 1951ರಲ್ಲಿ ಹಳೆಯ ನಗರದಲ್ಲಿ ಸುಮಾರು 1.75 ಲಕ್ಷ ಜನರಿದ್ದರು. 2022ರಲ್ಲಿ ಆ ಸಂಖ್ಯೆ 50 ಸಾವಿರಕ್ಕಿಂತ ಕೆಳಗಿಳಿಯಿತು. 2019ರ ನವೆಂಬರ್ 12ರ ರಾತ್ರಿ ನೀರು 187 ಸೆಂಟಿಮೀಟರ್ ಏರಿ ಅಂಗಡಿ, ಮನೆ, ಚರ್ಚುಗಳಿಗೆಲ್ಲ ನುಗ್ಗಿತ್ತು. ಮರುವರ್ಷದಿಂದ ಸಮುದ್ರದ ಬಾಯಿಗೆ ಉಕ್ಕಿನ ತಡೆಬಾಗಿಲು ಏಳುತ್ತದೆ. ನೀರನ್ನು ತಡೆಯಲು ಬಾಗಿಲು ಸಿಕ್ಕಿತು. ಮನೆಗಳೆಲ್ಲ ಪ್ರವಾಸಿಗಳ ಬಾಡಿಗೆ ಕೋಣೆಗಳಾಗುವುದನ್ನು ತಡೆಯಲು ಅಂಥ ಬಾಗಿಲು ಇನ್ನೂ ಸಿಕ್ಕಿಲ್ಲ. 2024ರಲ್ಲಿ ಜನಜಂಗುಳಿಯ ದಿನಗಳಲ್ಲಿ ಹಗಲು ಬಂದು ಹೋಗುವವರಿಗೆ 5 ಯೂರೊ ಪ್ರವೇಶ ಶುಲ್ಕ ಹಾಕಿದರು. ಮಾರ್ಗದರ್ಶಿಯ ಹಿಂದೆ 25ಕ್ಕಿಂತ ಹೆಚ್ಚು ಜನ ನಡೆಯಬಾರದು, ಧ್ವನಿವರ್ಧಕ ಬಳಸಬಾರದು ಎಂದರು. ಒಳ್ಳೆಯದೇ. ಆದರೆ ಬಾಕರೊದಲ್ಲಿ ಕೇಳದೆಯೇ ಲೋಟ ತುಂಬಿಸಿಕೊಳ್ಳುವ ಖಾಯಂ ಗಿರಾಕಿಯನ್ನು ಯಾವ ಶುಲ್ಕ ತಂದುಕೊಟ್ಟೀತು? ಅವನಿಲ್ಲದ ಅಂಗಡಿಯಲ್ಲಿ ತಿನಿಸು ಉಳಿಯಬಹುದು, ಮಾತು ಉಳಿಯುವುದಿಲ್ಲ. ವೆನಿಸ್‌ಗೆ ಹೋಗುವ ನಮ್ಮವರಿಗೆ ನನ್ನದೊಂದು ಬೇಡಿಕೆ: ಒಂದು ರಾತ್ರಿಯಾದರೂ ಅಲ್ಲಿ ತಂಗಿ, ಬೆಳಿಗ್ಗೆ ಮಾರುಕಟ್ಟೆಗೆ ಹೋಗಿ, ಹಣ್ಣನ್ನಾದರೂ ಕೊಳ್ಳಿ.

ನೀವೆಲ್ಲಿ ಇರುವುದು ಎಂದು ಮಾರ್ಗದರ್ಶಿಯನ್ನು ಕೇಳಿದೆ. ಹುಟ್ಟಿದ್ದು ಈ ಮಾರುಕಟ್ಟೆಯಿಂದ ಮೂರು ಸೇತುವೆ ಆಚೆ. ಈಗ ಇರುವುದು ಮೆಸ್ತ್ರೆಯಲ್ಲಿ, ಹಿನ್ನೀರಿನ ಆಚೆ ದಡದಲ್ಲಿ. ದಿನಾ ಬೆಳಿಗ್ಗೆ ಬಸ್ಸಿನಲ್ಲಿ ಉದ್ದ ಸೇತುವೆ ದಾಟಿ ತನ್ನ ಊರನ್ನು ಪರರಿಗೆ ತೋರಿಸಲು ಬರುತ್ತಾರೆ. ಹೇಳುವಾಗ ಅವರ ದನಿಯೇನೂ ಬದಲಾಗಲಿಲ್ಲ. ಕೊನೆಯ ಲೋಟ ಮುಗಿಸಿ, ಪ್ರತಿಯೊಬ್ಬರ ಕೈ ಕುಲುಕಿ, ಬಸ್ಸಿನ ಹೊತ್ತಾಯಿತೆಂದು ಹೊರಟರು.

ಸಂಜೆ ನಾನೊಬ್ಬಳೇ ಆ ಮುದುಕನ ಅಂಗಡಿಯ ಮುಂದೆ ಹಾದುಹೋದೆ. ಬಾಗಿಲು ಅರ್ಧ ಎಳೆದಿತ್ತು. ಒಳಗೆ ದೀಪ ಆರಿಸಿ ಅವನು ನೆಲ ಒರೆಸುತ್ತಿದ್ದ. ಹಿಂದಿನ ಕೋಣೆಯ ತೊಟ್ಟಿಯಲ್ಲಿ ನಲ್ಲಿ ಸಣ್ಣಗೆ ಬಿಟ್ಟಿತ್ತು. ಅದರ ಕೆಳಗೆ ನಾಡಿದ್ದಿನ ಮೀನು ನೆನೆಯುತ್ತಿತ್ತು.